ಯುದ್ಧದಲ್ಲಿ ಕಾಯೋದೇ ಕೆಲಸ: ಪದೇ ಪದೇ ಕೇಳುವ ಪ್ರಶ್ನೆಗಳು

ನಾನು ಸೇನೆಯ ಸಿಗ್ನಲ್ಸ್‌ನಲ್ಲಿ 17 ವರ್ಷ ರೇಡಿಯೊ ಆಪರೇಟರ್ ಆಗಿದ್ದವನು. ಈಗ ದಾವಣಗೆರೆಯಲ್ಲಿದ್ದೇನೆ. ಬೆಳಿಗ್ಗೆ ಹೈಸ್ಕೂಲ್ ಮೈದಾನದಲ್ಲಿ ಭರ್ತಿಗೆ ಅಂತ ಓಡುವ ಹುಡುಗರು ಸುಸ್ತಾಗಿ ಕೂತಾಗ ಒಂದೊಂದು ಪ್ರಶ್ನೆ ಎಸೆಯುತ್ತಾರೆ. ಅವರ ಅಮ್ಮಂದಿರು ಕೇಳುವುದೇ ಬೇರೆ. 2025ರ ಮೇ ತಿಂಗಳಲ್ಲಿ ಆಪರೇಷನ್ ಸಿಂಧೂರ ನಡೆದು, ರಜೆಗೆ ಬಂದಿದ್ದವರು ಅರ್ಧಕ್ಕೇ ಗಂಟುಮೂಟೆ ಕಟ್ಟಿಕೊಂಡು ಹೊರಟರಲ್ಲ, ಆಗಂತೂ ನನ್ನ ಫೋನಿಗೆ ಬಿಡುವೇ ಇರಲಿಲ್ಲ. ಟಿವಿಯಲ್ಲಿ ಮಿಸೈಲ್ ತೋರಿಸುತ್ತಿದ್ದರು. ಜನ ನನ್ನನ್ನು ಕೇಳಿದ್ದು ಮಾತ್ರ ಅವನು ಮಲಗ್ತಾನಾ, ಉಣ್ತಾನಾ, ಸುಮ್ನೆ ಕೂತಾಗ ತಲೇಲಿ ಏನು ಓಡುತ್ತೆ ಅಂತ. ಹೇಳಿದ್ದನ್ನೇ ಹೇಳಿ ಸಾಕಾಗಿ ಇಲ್ಲಿ ಬರೆದಿಟ್ಟಿದ್ದೇನೆ. ನಾನು ಕಂಡಿದ್ದು ಒಂದು ಮೂಲೆ ಅಷ್ಟೇ. ಕಾಲ್ದಳದವನನ್ನು ಕೇಳಿದರೆ ಇನ್ನೊಂದು ಕಥೆ ಬರುತ್ತದೆ.

## ಎಲ್ಲರೂ ಮೊದಲು ಕೇಳುವವು

ಯುದ್ಧ ಅಂದ್ರೆ ದಿನಾ ಗುಂಡು ಹಾರಿಸೋದಲ್ವಾ? ಅದ್ರಲ್ಲಿ ಬಿಡುವು ಎಲ್ಲಿಂದ ಬರುತ್ತೆ?

ಯುದ್ಧದ ಬಹುಪಾಲು ಕಾಯುವುದೇ. ಲಾರಿಗೆ ಕಾಯಬೇಕು, ಆರ್ಡರಿಗೆ ಕಾಯಬೇಕು, ಕತ್ತಲಾಗಲಿ ಅಂತ ಕಾಯಬೇಕು, ಕತ್ತಲಾದ ಮೇಲೆ ಬೆಳಕಾಗಲಿ ಅಂತ ಕಾಯಬೇಕು. ನನ್ನ ಪಾಲಿಗೆ ಬಂದಿದ್ದು ಆಪರೇಷನ್ ಪರಾಕ್ರಮ. 2001ರ ಡಿಸೆಂಬರ್ 13ಕ್ಕೆ ಸಂಸತ್ತಿನ ಮೇಲೆ ದಾಳಿ ಆಯಿತು. ಸ್ವಲ್ಪ ದಿನದಲ್ಲೇ ನಾವು ರಾಜಸ್ಥಾನದ ಗಡಿಯಲ್ಲಿದ್ದೆವು. ನಾಳೆ ಶುರು, ನಾಡಿದ್ದು ಶುರು ಅಂತ ಎಷ್ಟು ಸಲ ಬೂಟು ಬಿಗಿದುಕೊಂಡೆವೋ ಗೊತ್ತಿಲ್ಲ. 2002ರ ಅಕ್ಟೋಬರಿನಲ್ಲಿ ವಾಪಸ್ ಹೋಗಿ ಅಂದರು. ಹತ್ತು ತಿಂಗಳು ಮರಳಲ್ಲಿ ಕೂತು, ಆಗದೇ ಇದ್ದ ಯುದ್ಧ ಮಾಡಿ ಬಂದೆವು. ಹಾಗಂತ ಅದೇನು ಜಾತ್ರೆಗೆ ಹೋದ ಹಾಗಲ್ಲ. ಮೈನ್ ಹೂಳುವಾಗ, ಮತ್ತೆ ಅವನ್ನ ತೆಗೆಯುವಾಗ ಜೀವಗಳು ಹೋಗಿವೆ.

ಇದು ಇವತ್ತಿನದೂ ಅಲ್ಲ. ನಮ್ಮ ಮೈಸೂರು ಲ್ಯಾನ್ಸರ್ಸ್ ಕುದುರೆ ಸವಾರರು 1918ರ ಸೆಪ್ಟೆಂಬರ್ 23ಕ್ಕೆ ಈಗ ಇಸ್ರೇಲಿನಲ್ಲಿರುವ ಹೈಫಾ ಊರನ್ನು ಗೆದ್ದರು ಅಂತ ಪ್ರತಿವರ್ಷ ನೆನೆಯುತ್ತೇವೆ. ದಿಲ್ಲಿಯ ತೀನ್ ಮೂರ್ತಿ ಸ್ಮಾರಕದಲ್ಲಿ ಪ್ರತಿಮೆಯಾಗಿ ನಿಂತಿರುವ ಮೂವರಲ್ಲಿ ಒಬ್ಬ ಅವರ ಲೆಕ್ಕದವನು. ಆದರೆ ಅವರು ಈಜಿಪ್ಟಿಗೆ ಹೋಗಿದ್ದು ಮಹಾಯುದ್ಧ ಶುರುವಾದ ಹೊಸದರಲ್ಲೇ, ಸುಯೆಜ್ ಕಾಲುವೆ ಕಾಯುವುದಕ್ಕೆ. ನಡುವೆ ಸಣ್ಣಪುಟ್ಟ ಕಾದಾಟ ಇದ್ದವು, ನಿಜ. ಉಳಿದಂತೆ ವರ್ಷಗಟ್ಟಲೆ ಮರಳು, ನೊಣ, ಕುದುರೆಗೆ ನೀರು ಕುಡಿಸುವುದು. ಹೈಫಾದ ಆ ಒಂದು ದಿನಕ್ಕೆ ಪ್ರತಿಮೆ ಇದೆ, ಉಳಿದ ದಿನಗಳಿಗೆ ಎಲ್ಲಿದೆ?

ಹಂಗಾದ್ರೆ ಬಿಡುವಿದ್ದಾಗ ಏನ್ ಮಾಡ್ತಿದ್ರಿ? ನಿಜ ಹೇಳ್ರಿ.

ನಿಜ ಹೇಳಬೇಕು ಅಂದರೆ, ಮೊದಲು ಬಟ್ಟೆ ಒಗೆಯುತ್ತಿದ್ದೆವು. ಆಮೇಲೆ ಹರಿದಿದ್ದನ್ನು ಹೊಲಿಯುವುದು, ರೈಫಲ್ ಬಿಚ್ಚಿ ಒರೆಸುವುದು, ಒಬ್ಬರ ತಲೆಕೂದಲು ಒಬ್ಬರು ಕತ್ತರಿಸುವುದು. ಮರಳುಗಾಡಲ್ಲಿ ರೈಫಲ್ ಒರೆಸುವುದಕ್ಕೆ ಕೊನೆ ಅಂತ ಇಲ್ಲ. ಒರೆಸಿ ಮುಗಿಸುವಷ್ಟರಲ್ಲಿ ಗಾಳಿ ಮತ್ತೆ ತುಂಬಿರುತ್ತದೆ. ಸಂಜೆ ಎರಡು ಕಂಬ, ಒಂದು ನೆಟ್ ಸಿಕ್ಕರೆ ವಾಲಿಬಾಲ್. ಅದು ಬಿಟ್ಟರೆ ಇಸ್ಪೀಟು, ಲೂಡೊ, ಕೇರಂ.

ನಾನು ಕಲಿಸಿದ ಆಟ ಹುಲಿ-ಕುರಿ. ನಮ್ಮ ಅಮ್ಮನ ತವರು ಚಿತ್ರದುರ್ಗ. ಬೇಸಿಗೆ ರಜೆಯಲ್ಲಿ ಕೋಟೆ ಬಂಡೆ ಮೇಲೆ ಇದ್ದಿಲಿನಲ್ಲಿ ಗೆರೆ ಎಳೆದು ಆಡುತ್ತಿದ್ದೆವು. 3 ಹುಲಿ, 15 ಕುರಿ. ಮರಳುಗಾಡಿನಲ್ಲಿ ಗುಂಡಿನ ಪೆಟ್ಟಿಗೆಯ ಮುಚ್ಚಳದ ಮೇಲೆ ಮನೆ ಬರೆದೆ. ಹುಲಿಗೆ ಮೂರು ನಟ್ ಸಿಕ್ಕವು. ಕುರಿಗೆ ಕಲ್ಲು ಹುಡುಕಿದರೆ ಒಂದೂ ಇಲ್ಲ! ಬಯಲುಸೀಮೆಯಲ್ಲಿ ಹುಟ್ಟಿದವನಿಗೆ ಕಲ್ಲಿಲ್ಲದ ನೆಲ ಇರುತ್ತೆ ಅಂತ ಗೊತ್ತಾಗಿದ್ದೇ ಅವತ್ತು. ಕೊನೆಗೆ ಕುರಿ ಬದಲು ಹುರಿಗಡಲೆ ಇಟ್ಟೆವು. ಹುಲಿ ಆಡುತ್ತಿದ್ದ ಹರಿಯಾಣದವನು ಹೊಡೆದ ಕುರಿಯನ್ನೆಲ್ಲ ಅಲ್ಲೇ ಬಾಯಿಗೆ ಹಾಕಿಕೊಂಡ. ಎರಡನೇ ಆಟಕ್ಕೆ ಮಂದೆಯೇ ಇರಲಿಲ್ಲ.

ಕೈಗೆ ಕೆಲಸ ಕೊಡುವುದು ಎಲ್ಲ ಕಾಲದ ಸೈನಿಕರೂ ಕಂಡುಕೊಂಡ ದಾರಿ. ಮೊದಲ ಮಹಾಯುದ್ಧದಲ್ಲಿ ಖಾಲಿ ಶೆಲ್ಲುಗಳ ಹಿತ್ತಾಳೆಯಲ್ಲಿ ಹೂದಾನಿ, ಲೈಟರ್, ಉಂಗುರ ಮಾಡಿದ್ದಾರೆ. ಎರಡನೇ ಮಹಾಯುದ್ಧದಲ್ಲಿ ಅಮೆರಿಕದವರು ಜೇಬಿಗೆ ಹಿಡಿಯುವ ಪುಸ್ತಕಗಳನ್ನು ಅಚ್ಚು ಹಾಕಿ 12 ಕೋಟಿಗೂ ಜಾಸ್ತಿ ಪ್ರತಿ ತಮ್ಮ ಸೈನಿಕರಿಗೆ ಹಂಚಿದರು. ನಮ್ಮ ಹತ್ತಿರ ಒಂದು ಹಳೇ ಕನ್ನಡ ವಾರಪತ್ರಿಕೆ ಇತ್ತು, ಮಂಡಕ್ಕಿ ಕಟ್ಟಿಕೊಂಡು ಬಂದಿದ್ದು. ಅದರ ಜಾಹೀರಾತು ಕೂಡ ನನಗೆ ಬಾಯಿಪಾಠ ಆಗಿತ್ತು.

ನಿದ್ದೆ ಬರುತ್ತಾ ಅಲ್ಲಿ?

ಬರುತ್ತದೆ, ತುಂಡು ತುಂಡಾಗಿ. ಎರಡು ಗಂಟೆ ಕಾವಲು, ನಾಲ್ಕು ಗಂಟೆ ಬಿಡುವು ಅಂತ ಲೆಕ್ಕ. ಆ ನಾಲ್ಕರಲ್ಲಿ ಊಟ, ಶೌಚ, ಸಾಮಾನು ಜೋಡಿಸುವುದು ಎಲ್ಲ ಬಂತು. ಬೆಳಕು ಹರಿಯುವ ಮುಂಚೆ ಮತ್ತು ಸಂಜೆ ಮಬ್ಬಾಗುವಾಗ ಎಲ್ಲರೂ ಹತಿಯಾರು ಹಿಡಿದು ತಯಾರಾಗಿ ನಿಲ್ಲಬೇಕು. ಸ್ಟ್ಯಾಂಡ್-ಟು ಅನ್ನುತ್ತಾರೆ. ಶತ್ರು ನುಗ್ಗುವುದಕ್ಕೆ ಆ ಎರಡು ಹೊತ್ತು ಒಳ್ಳೆಯದು ಅನ್ನುವುದು ಹಳೇ ಅನುಭವ. ಹಾಗಾಗಿ ಅನುಭವಸ್ಥರು ಎಲ್ಲಿ ಹತ್ತು ನಿಮಿಷ ಸಿಗುತ್ತೋ ಅಲ್ಲೇ ಉರುಳುತ್ತಾರೆ. ಹೊಸ ಹುಡುಗರು ಮಾತ್ರ ಈಗೇನು ಹತ್ತು ನಿಮಿಷ ಮಲಗೋದು ಅಂತ ಹರಟೆ ಹೊಡೆದು ಮೂರನೇ ದಿನಕ್ಕೆ ತೂಕಡಿಸುತ್ತಾರೆ. ನಿದ್ದೆಗೆಟ್ಟವನಿಗೆ ಸಿಟ್ಟು ಜಾಸ್ತಿ, ಭಯ ಜಾಸ್ತಿ, ತಪ್ಪು ಜಾಸ್ತಿ. ಯುದ್ಧದಲ್ಲಿ ಮನಸ್ಸಿಗೆ ಒಂದೇ ಔಷಧಿ ಕೊಡು ಅಂದರೆ ನಾನು ಕೊಡುವುದು ನಿದ್ದೆ.

ಊಟ ಹೆಂಗೆ? ಬೆಣ್ಣೆ ದೋಸೆ ತಿಂದು ಬೆಳೆದೋನು ಅಲ್ಲಿ ಏನ್ ತಿಂತಾನೆ?

ಲಂಗರಿನಲ್ಲಿ, ಅಂದರೆ ಸೇನೆಯ ಅಡುಗೆಮನೆಯಲ್ಲಿ, ದಾಲ್, ರೋಟಿ, ಸಬ್ಜಿ, ಅನ್ನ. ಮೊದಲ ಆರು ತಿಂಗಳು ಬೈಕೊಂಡು ತಿಂತಾನೆ, ಆಮೇಲೆ ರಜೆಗೆ ಬಂದಾಗ ಮನೆಯಲ್ಲಿ ರೋಟಿ ಮಾಡಿ ಅಂತಾನೆ. ಎತ್ತರದ ಪೋಸ್ಟುಗಳಲ್ಲಿ ಮಾತ್ರ ಕಥೆ ಬೇರೆ. ಅಲ್ಲಿ ಹಸಿವೇ ಆಗುವುದಿಲ್ಲ. ಕುಕ್ಕರ್ ಇಲ್ಲದೆ ಬೇಳೆ ಬೇಯುವುದಿಲ್ಲ, ಮೊಟ್ಟೆ ಕಲ್ಲಾಗಿರುತ್ತದೆ. ಬಲವಂತವಾಗಿ ತಿನ್ನಬೇಕು, ಬಲವಂತವಾಗಿ ನೀರು ಕುಡಿಯಬೇಕು.

ಪಾರ್ಸೆಲ್ ಕಳಿಸುವವರಿಗೆ ಒಂದು ಮಾತು. ಸಿಹಿ ಎಲ್ಲರ ಮನೆಯಿಂದಲೂ ಬರುತ್ತದೆ. ಖಾರ ಕಳಿಸಿ. ಮನೆಯಿಂದ ಒಂದು ಸಲ ಚಟ್ನಿಪುಡಿ, ನರ್ಗಿಸ್ ಮಂಡಕ್ಕಿ ಬಂದಿದ್ದವು. ಮಂಡಕ್ಕಿ ಅರ್ಧ ಪುಡಿ ಆಗಿತ್ತು. ಹೆಸರು ಕೇಳಿ ಪಂಜಾಬಿನ ಸುಬೇದಾರ್ ಸಾಹೇಬರಿಗೆ ಎಲ್ಲಿಲ್ಲದ ಖುಷಿ. ಯಾಕೆ ಅಂದರೆ ನಟಿ ನರ್ಗಿಸ್ ಮತ್ತು ಸುನಿಲ್ ದತ್ ತಮ್ಮ ಅಜಂತಾ ಆರ್ಟ್ಸ್ ತಂಡ ಕಟ್ಟಿಕೊಂಡು ಗಡಿಗಳಿಗೆ ಹೋಗಿ ಜವಾನರ ಮುಂದೆ ಹಾಡಿ ಕುಣಿದು ಬರುತ್ತಿದ್ದರು. ಸಾಹೇಬರ ತಂದೆಯೂ ಫೌಜಿ. ಅವರು ಆ ಕಾರ್ಯಕ್ರಮ ನೋಡಿದ್ದರಂತೆ. ಪುಡಿ ಮಂಡಕ್ಕಿ ಚಮಚದಲ್ಲಿ ತಿನ್ನುತ್ತಾ ಒಂದು ಸಂಜೆ ಪೂರ್ತಿ ಅದೇ ಮಾತು.

ದಿನಾ ರಮ್ ಕೊಡ್ತಾರಂತೆ, ಹೌದಾ?

ಎಲ್ಲರಿಗೂ ಎಲ್ಲ ಕಡೆಯೂ ದಿನಾ ಕೊಡುವುದಿಲ್ಲ. ಜಾಗ, ಹವೆ ನೋಡಿ ಅಳತೆ ಪ್ರಕಾರ ಸಿಗುತ್ತದೆ. ಹೊಟ್ಟೆಗೆ ಬಿದ್ದಾಗ ಬೆಚ್ಚಗೆ ಅನಿಸುತ್ತದೆ, ಆದರೆ ನಿಜಕ್ಕೂ ಮೈಯ ಶಾಖ ಹೊರಗೆ ಹೋಗುತ್ತಿರುತ್ತದೆ. ನಿದ್ದೆಯೂ ಕೆಡುತ್ತದೆ. ನಾಲ್ಕು ಜನರ ಜೊತೆ ಕೂತು ಕುಡಿದವರು ನಕ್ಕು ಮಲಗಿದ್ದನ್ನು ನೋಡಿದ್ದೇನೆ. ಒಬ್ಬನೇ ಕುಡಿಯಲು ಶುರು ಮಾಡಿದವನ ಮೇಲೆ ಮಾತ್ರ ಒಂದು ಕಣ್ಣಿಡುತ್ತಿದ್ದೆವು.

## ಮನೆಯವರು ಕೇಳುವವು

ಎರಡು ನಿಮಿಷ ಫೋನ್ ಮಾಡೋಕೂ ಆಗಲ್ವಾ ಅವ್ನಿಗೆ?

ಆಗದೇ ಇರಬಹುದು. ಅಸಡ್ಡೆ ಅಂತ ತಿಳಿಯಬೇಡಿ. ಫೋನ್ ಆನ್ ಆದರೆ ಅದು ಎಲ್ಲಿದೆ ಅನ್ನುವುದನ್ನು ಎದುರಿನವನು ಹಿಡಿಯಬಹುದು. 2023ರ ಹೊಸ ವರ್ಷದ ರಾತ್ರಿ ಉಕ್ರೇನಿನ ಮಕೀವ್ಕಾದಲ್ಲಿ ರಷ್ಯಾದ ಸೈನಿಕರು ತಂಗಿದ್ದ ಕಟ್ಟಡಕ್ಕೆ ರಾಕೆಟ್ ಬಿತ್ತು. 89 ಜನ ಸತ್ತರು ಅಂತ ರಷ್ಯಾವೇ ಒಪ್ಪಿಕೊಂಡಿತು. ಹುಡುಗರು ಮೊಬೈಲ್ ಬಳಸಿದ್ದೇ ಕಾರಣ ಅಂತ ಅವರ ರಕ್ಷಣಾ ಇಲಾಖೆ ಹೇಳಿತು. ನಮ್ಮ ಸೇನೆಯೂ 2020ರಲ್ಲಿ ಫೇಸ್‌ಬುಕ್, ಇನ್‌ಸ್ಟಾಗ್ರಾಂ ಸೇರಿ 89 ಆ್ಯಪ್ ತೆಗೆದುಹಾಕಿ ಅಂತ ಆದೇಶ ಮಾಡಿತ್ತು. ಇನ್ನು ಎತ್ತರದ ಪೋಸ್ಟುಗಳಲ್ಲಿ ಮೊನ್ನೆ ಮೊನ್ನೆಯವರೆಗೆ ಟವರೇ ಇರುತ್ತಿರಲಿಲ್ಲ, ಸ್ಯಾಟಲೈಟ್ ಫೋನ್ ಒಂದೇ ಗತಿಯಾಗಿತ್ತು. ಅದರ ದರ ನಿಮಿಷಕ್ಕೆ 5 ರೂಪಾಯಿ ಇದ್ದಿದ್ದು 2017ರ ದೀಪಾವಳಿಗೆ 1 ರೂಪಾಯಿ ಆಯಿತು. ಕಾಸು ಕಮ್ಮಿ ಆಯಿತು, ಕ್ಯೂ ಏನೂ ಕಮ್ಮಿ ಆಗಲಿಲ್ಲ.

ಹಿಂದೆ ಕಾಗದಕ್ಕೂ ಕಾವಲಿತ್ತು. ಮೊದಲ ಮಹಾಯುದ್ಧದಲ್ಲಿ ಫ್ರಾನ್ಸಿಗೆ ಹೋದ ಭಾರತೀಯ ಸಿಪಾಯಿಗಳ ಪತ್ರಗಳನ್ನು ಬ್ರಿಟಿಷರು ಒಡೆದು ಓದುತ್ತಿದ್ದರು. ಅದಕ್ಕೆ ಇವರು ನಮ್ಮವರಿಗೆ ಕರಿಮೆಣಸು, ಬಿಳಿಯರಿಗೆ ಕೆಂಪು ಮೆಣಸು ಅಂತ ಹೆಸರಿಟ್ಟು, ಕರಿಮೆಣಸು ಖಾಲಿಯಾಗುತ್ತಿದೆ ಅಂತ ಊರಿಗೆ ಬರೆದರು. ಮನೆಗೆ ನಿಜ ಹೇಳುವ ಹಂಬಲ ಅಷ್ಟು ದೊಡ್ಡದು.

ಫೋನು ಒಳ್ಳೆಯದೋ ಕಾಗದ ಒಳ್ಳೆಯದೋ ಅಂತ ಕೆಲವರು ಕೇಳುತ್ತಾರೆ. ನನ್ನ ಓಟು ಕಾಗದಕ್ಕೆ. ಫೋನು ಇಟ್ಟ ಕೂಡಲೇ ಮುಗಿಯಿತು. ಕಾಗದವನ್ನು ಕಾವಲಿಗೆ ಹೋಗುವ ಮುಂಚೆ ಒಂದು ಸಲ, ಬಂದ ಮೇಲೆ ಒಂದು ಸಲ ಓದಬಹುದು, ಬೆವರಿಗೆ ಅಕ್ಷರ ಅಳಿಸುವವರೆಗೂ.

ಅಪರೂಪಕ್ಕೆ ಫೋನ್ ಬಂದ್ರೆ ಏನ್ ಮಾತಾಡ್ಬೇಕು? ಅಳು ಬರುತ್ತೆ ನಂಗೆ.

ಪರಾಕ್ರಮದ ಹೊತ್ತಿಗೆ ನಮ್ಮಲ್ಲಿ ಒಂದು ಟೆಂಟಿನಲ್ಲಿ ಎಸ್‌ಟಿಡಿ ಫೋನ್ ಇಟ್ಟಿದ್ದರು. ಒಬ್ಬರಿಗೆ ಮೂರು ನಿಮಿಷ. ಗಡಿಯಾರ ಹಿಡಿದು ಕೂರುವ ಪಾಳಿ ನನಗೆ ಎಷ್ಟೋ ಸಲ ಬಂದಿತ್ತು. ಬೇಡ ಅಂದರೂ ಕಿವಿಗೆ ಬೀಳುತ್ತದೆ. ತಮಿಳು, ಪಂಜಾಬಿ, ಬಂಗಾಳಿ, ನೇಪಾಳಿ. ನನಗೆ ಬಾರದ ಭಾಷೆಯಲ್ಲೂ ಮೊದಲ ಮಾತು ತಿಳಿಯುತ್ತಿತ್ತು. ಊಟ ಆಯ್ತಾ? ಎರಡನೆಯದು ಮಳೆ ಬಂತಾ? ಮೂರನೆಯದು ಯಾರಾದರೊಬ್ಬರ ಆರೋಗ್ಯ. ಅಷ್ಟರಲ್ಲಿ ನಾನು ಕೈಸನ್ನೆ ಮಾಡಬೇಕು.

ಅದಕ್ಕೇ ಹೇಳುತ್ತೇನೆ, ದೊಡ್ಡ ಮಾತು ಹುಡುಕಬೇಡಿ. ಮೆಕ್ಕೆಜೋಳ ತೆನೆ ಕಟ್ಟಿದೆ, ಎಮ್ಮೆ ಕರು ಹಾಕಿತು, ಭದ್ರಾ ಕಾಲುವೆಗೆ ನೀರು ಬಿಟ್ಟರು, ಪಕ್ಕದ ಮನೆಯವರು ಗೋಡೆ ವಿಷಯಕ್ಕೆ ಮತ್ತೆ ಜಗಳ ತೆಗೆದರು. ಇಂಥದ್ದನ್ನೇ ಅವನು ಆಮೇಲೆ ಒಂದು ವಾರ ಮೆಲುಕು ಹಾಕುತ್ತಾನೆ. ಅಳು ಬಂದರೆ ಅಳಿ, ತಪ್ಪೇನಿಲ್ಲ, ಆದರೆ ಫೋನ್ ಇಡುವ ಮುಂಚೆ ಒಂದು ಮಾಮೂಲಿ ಮಾತು ಆಡಿ ಇಡಿ. ಅವನು ಕೂತಲ್ಲಿಂದ ಸರಿಮಾಡಲು ಆಗದ ಜಗಳಗಳನ್ನು, ಸಾಲದವರು ಬಂದು ಕೂತಿದ್ದನ್ನು ಆ ಮೂರು ನಿಮಿಷಕ್ಕೆ ತರಬೇಡಿ. ಸಾವಿನ ಸುದ್ದಿ ಮಾತ್ರ ಮುಚ್ಚಿಡಬೇಡಿ. ಊರಿನ ಇನ್ಯಾರದೋ ಬಾಯಿಂದ ಅದು ಗೊತ್ತಾದರೆ ಆಮೇಲೆ ನಿಮ್ಮ 'ಎಲ್ಲ ಚೆನ್ನಾಗಿದ್ದೀವಿ'ಯನ್ನು ಅವನು ನಂಬುವುದಿಲ್ಲ.

ಒಬ್ನೇ ಕನ್ನಡದವನಿದ್ರೆ ಹುಚ್ಚು ಹಿಡಿಯಲ್ವಾ?

ಮೊದಮೊದಲು ಹಿಡಿಯುತ್ತದೆ. ಹಿಂದಿ ಬರುತ್ತದೆ, ಆದರೆ ಹಿಂದಿಯಲ್ಲಿ ಜಗಳ ಆಡಲು ಬರುವುದಿಲ್ಲ. ಸಿಟ್ಟು ಒಳಗೇ ಉಳಿಯುತ್ತದೆ. ನಾನು ಎತ್ತರದ ಪೋಸ್ಟಿನಲ್ಲಿದ್ದಾಗ ರೇಡಿಯೊ ಸೆಟ್ಟಿನ ಆ ಕಡೆ, ಬೇರೆ ಯೂನಿಟ್ಟಿನಲ್ಲಿ, ಹಿರಿಯೂರಿನವನೊಬ್ಬ ಇದ್ದ ಅಂತ ಗೊತ್ತಾಗಿದ್ದು ಅವನು ಬೇಜಾರಿಗೆ 'ಅಯ್ಯೋ ಶಿವನೇ' ಅಂದಾಗ. ಮಾತಾಡುವ ಹಾಗಿರಲಿಲ್ಲ. ಸೆಟ್ಟಿನಲ್ಲಿ ಹರಟೆ ಹೊಡೆದರೆ ಶಿಕ್ಷೆ. ಆದರೂ ದಿನಾ ಲಿಂಕ್ ಚೆಕ್ ಮಾಡುವಾಗ ಅವನು ಕೊನೆಗೆ ಒಮ್ಮೆ ಕೆಮ್ಮುತ್ತಿದ್ದ, ನಾನೂ ಕೆಮ್ಮುತ್ತಿದ್ದೆ. ಅಷ್ಟೇ ನಮ್ಮ ಕನ್ನಡ ಸಂಘ.

ರೇಡಿಯೊ ಇನ್ನೊಂದು ಆಸರೆ. 1957ರಲ್ಲಿ ಶುರುವಾದ ವಿವಿಧ ಭಾರತಿಯ ಜಯಮಾಲಾ ಫೌಜಿಗಳಿಗೆ ಅಂತಲೇ ಇದ್ದ ಕಾರ್ಯಕ್ರಮ. ಯಾರದೋ ಹೆಸರು, ಯಾವುದೋ ಊರು, ಅವನು ಕೇಳಿದ ಹಾಡು. ಇಡೀ ಬಂಕರು ಸುಮ್ಮನಾಗುತ್ತಿತ್ತು.

ತಾಯತ, ಹರಕೆ ಇವೆಲ್ಲ ಕೆಲ್ಸ ಮಾಡ್ತಾವಾ?

ಗುಂಡು ತಡೆಯುವುದಿಲ್ಲ. ಕೈ ನಡುಕ ತಡೆಯುತ್ತದೆ. ನನ್ನ ಕೈಯಲ್ಲಿ ದುಗ್ಗಮ್ಮನ ಗುಡಿಯ ದಾರ ಇತ್ತು. ದೇವರನ್ನು ನಂಬದ ಕೇರಳದ ಹುಡುಗನೊಬ್ಬ ಕಾವಲಿಗೆ ಹೋಗುವ ಮುಂಚೆ ಎಡಗಾಲಿನ ಬೂಟೇ ಮೊದಲು ಹಾಕುತ್ತಿದ್ದ. ಎರಡೂ ಒಂದೇ ಅಂತ ನನ್ನ ಲೆಕ್ಕ. ಸೇನೆಗೂ ಇದು ಗೊತ್ತಿದೆ. ಯೂನಿಟ್ಟುಗಳಲ್ಲಿ ಸರ್ವಧರ್ಮ ಸ್ಥಳ ಅಂತ ಎಲ್ಲ ದೇವರಿಗೂ ಒಂದೇ ಸೂರು ಇರುತ್ತದೆ. ಸಿಯಾಚಿನ್‌ನಲ್ಲಿ ಓಪಿ ಬಾಬಾ ಅನ್ನುವ ಗುಡಿ ಇದೆ. ಪೋಸ್ಟ್ ಕಾಯುತ್ತಾ ಸತ್ತ ಓಂ ಪ್ರಕಾಶ್ ಅನ್ನುವ ಸೈನಿಕ ಇನ್ನೂ ಕಾಯುತ್ತಿದ್ದಾನೆ ಅಂತ ನಂಬಿಕೆ. ಮೇಲೆ ಹೋಗುವವರು ಅಲ್ಲಿ ರಿಪೋರ್ಟ್ ಮಾಡಿ ಹೋಗುತ್ತಾರೆ, ಇಳಿದು ಬಂದಾಗಲೂ ರಿಪೋರ್ಟ್ ಮಾಡುತ್ತಾರೆ.

ನಾಯಿ ಸಾಕ್ತಾರಂತೆ?

ಸಾಕುವುದಲ್ಲ, ಅವೇ ಬಂದು ಸೇರಿಕೊಳ್ಳುತ್ತವೆ. ಎಲ್ಲರೂ ಆರ್ಡರ್ ಕೊಡುವ ಜಾಗದಲ್ಲಿ ಬರೀ ಬಾಲ ಅಲ್ಲಾಡಿಸುವ ಒಂದು ಜೀವ ಇದ್ದರೆ ಎಷ್ಟು ಹಗುರ ಅನಿಸುತ್ತೆ ಗೊತ್ತಾ? ತರಬೇತಿ ಪಡೆದ ನಾಯಿಗಳ ಕಥೆ ಬೇರೆ. 2016ರ ಫೆಬ್ರುವರಿ 3ಕ್ಕೆ ಸಿಯಾಚಿನ್‌ನ ಸೋನಂ ಪೋಸ್ಟಿನ ಮೇಲೆ ಹಿಮ ಕುಸಿದು ಹತ್ತು ಜನ ಹೂತುಹೋದಾಗ ಹುಡುಕಾಟಕ್ಕೆ ನಾಯಿಗಳೂ ಇದ್ದವು. ನಮ್ಮ ಧಾರವಾಡ ಜಿಲ್ಲೆ ಬೆಟದೂರಿನ ಲ್ಯಾನ್ಸ್ ನಾಯಕ್ ಹನುಮಂತಪ್ಪ ಕೊಪ್ಪದ ಆರು ದಿನದ ಮೇಲೂ ಉಸಿರಾಡುತ್ತಾ ಸಿಕ್ಕರು. ಫೆಬ್ರುವರಿ 11ಕ್ಕೆ ದಿಲ್ಲಿಯಲ್ಲಿ ತೀರಿಕೊಂಡರು. ಆ ಎರಡು ದಿನ ದಾವಣಗೆರೆಯ ಹೋಟೆಲ್‌ಗಳಲ್ಲಿ ಟಿವಿ ಚಾನೆಲ್ ಬದಲಾಯಿಸಲು ಯಾರೂ ಬಿಡಲಿಲ್ಲ.

## ಗಟ್ಟಿ ಪ್ರಶ್ನೆಗಳು

ಭಯ ಆದಾಗ ಏನ್ ಮಾಡ್ತೀರಿ? ಆಗಲ್ಲ ಅಂತ ಸುಳ್ಳು ಹೇಳ್ಬೇಡಿ.

ಆಗುತ್ತದೆ. ಬಾಯಿ ಒಣಗುತ್ತದೆ, ಹೊಟ್ಟೆ ಕಲಸುತ್ತದೆ, ಮೂತ್ರಕ್ಕೆ ಅವಸರ ಆಗುತ್ತದೆ. ಮೈ ಓಡಲು ತಯಾರಾಗಿರುತ್ತದೆ, ಆದರೆ ನೀನು ಓಡುವ ಹಾಗಿಲ್ಲ, ಬಂಕರಿನಲ್ಲಿ ಕೂತಿದ್ದೀಯ. ಎಲ್ಲಕ್ಕಿಂತ ಕೆಟ್ಟದ್ದು ಅದು.

ಮೊದಲ ಸಲ ಶೆಲ್ ಬೀಳುವ ಸದ್ದು ಕೇಳಿದಾಗ ನನಗೆ ನಮ್ಮ ಹವಾಲ್ದಾರ್ ಹೇಳಿದ್ದು ಎರಡೇ ಪದ. 'ಚಾಯ್ ಬನಾ.' ನನಗೆ ಸಿಟ್ಟು ಬಂತು. ಸ್ಟವ್ ಹಚ್ಚಲು ನಾಲ್ಕು ಕಡ್ಡಿ ಹಾಳು ಮಾಡಿದೆ. ಸಕ್ಕರೆ ಚೆಲ್ಲಿತು. ಏಳು ಮಗ್ಗು ಲೆಕ್ಕ ಹಾಕಿ ಸುರಿಯುವಷ್ಟರಲ್ಲಿ ಕೈ ನನ್ನ ಮಾತು ಕೇಳುತ್ತಿತ್ತು. ಅವರಿಗೆ ಚಹಾ ಬೇಕಿರಲಿಲ್ಲ ಅಂತ ಗೊತ್ತಾಗಿದ್ದು ಎಷ್ಟೋ ದಿನದ ಮೇಲೆ, ಇನ್ನೊಬ್ಬ ಹೊಸಬನಿಗೆ ನಾನೇ ಅದನ್ನು ಹೇಳಿದಾಗ. ಒಬ್ಬನೇ ಇದ್ದರೆ ಉಸಿರಿನ ಲೆಕ್ಕ ಇದೆ. ನಾಲ್ಕು ಎಣಿಸುತ್ತಾ ಒಳಗೆ, ನಾಲ್ಕು ಹಿಡಿ, ನಾಲ್ಕು ಎಣಿಸುತ್ತಾ ಹೊರಗೆ, ನಾಲ್ಕು ಖಾಲಿ. ಅಮೆರಿಕದ ನೇವಿ ಸೀಲ್ ಕಮಾಂಡೊಗಳಿಗೂ ಇದನ್ನೇ ಕಲಿಸುತ್ತಾರೆ. ನಮ್ಮ ಅಜ್ಜಿಯರು ಪ್ರಾಣಾಯಾಮ ಅಂತಿದ್ದರು. ನಿಧಾನಕ್ಕೆ ಉಸಿರು ಬಿಟ್ಟರೆ ಎದೆ ಬಡಿತ ತಾನೇ ಇಳಿಯುತ್ತದೆ.

ಆಮೇಲೆ ತಮಾಷೆ. ಹೊರಗಿನವರು ಕೇಳಿದರೆ ಅಸಹ್ಯಪಡುವಂಥ ತಮಾಷೆ. ಅದನ್ನು ಇಲ್ಲಿ ಬರೆಯುವುದಿಲ್ಲ.

ಏನೂ ನಡೆಯದೇ ಇರೋ ಕಡೆ ದಿನಾ ಕಾವಲು ನಿಂತ್ರೆ ಕಣ್ಣು ತಪ್ಪಲ್ವಾ?

ತಪ್ಪುತ್ತದೆ. ಇಪ್ಪತ್ತು ರಾತ್ರಿ ಏನೂ ಆಗದಿದ್ದರೆ ಇಪ್ಪತ್ತೊಂದನೆಯದರಲ್ಲೂ ಏನೂ ಆಗಲ್ಲ ಅಂತ ಮೆದುಳು ತೀರ್ಮಾನ ಮಾಡಿಬಿಡುತ್ತದೆ. ಚಿತ್ರದುರ್ಗದ ಓಬವ್ವನ ಕಥೆ ಎಲ್ಲರಿಗೂ ಗೊತ್ತಲ್ಲ. ಗಂಡ ಮುದ್ದಹನುಮ ಊಟಕ್ಕೆ ಮನೆಗೆ ಬಂದಿದ್ದ, ಇವಳು ನೀರಿಗೆ ಹೋದಾಗ ಕಿಂಡಿಯಲ್ಲಿ ಹೈದರಾಲಿಯ ಸೈನಿಕರು ನುಸುಳುವುದನ್ನು ಕಂಡಳು, ಒನಕೆ ಎತ್ತಿದಳು. ಎಲ್ಲರೂ ಓಬವ್ವನನ್ನು ಹೊಗಳುತ್ತಾರೆ, ಹೊಗಳಬೇಕು. ಸೇನೆ ಸೇರಿದ ಮೇಲೆ ನನಗೆ ಮಾತ್ರ ಆ ಮುದ್ದಹನುಮನದೇ ಯೋಚನೆ. ಎಷ್ಟು ದಿನ ಆ ಕಿಂಡಿ ನೋಡುತ್ತಾ ಕೂತಿದ್ದನೋ! ಹಲ್ಲಿ, ಬಿಸಿಲು, ಬಂಡೆ. ಊಟದ ಹೊತ್ತಲ್ಲಿ ಯಾರು ಬರುತ್ತಾರೆ ಅಂತ ಅವನಿಗೂ ಅನಿಸಿರಬೇಕು. ಎದುರಿನವನು ಕಾಯುತ್ತಾ ಇದ್ದಿದ್ದೂ ಅದಕ್ಕೇ.

ಇದಕ್ಕೆ ಸೇನೆ ಕಂಡುಕೊಂಡಿರುವುದು ಸರಳ ಉಪಾಯಗಳು. ಒಬ್ಬನನ್ನು ಒಂದೇ ಕಡೆ ಜಾಸ್ತಿ ದಿನ ಬಿಡುವುದಿಲ್ಲ. ರಾತ್ರಿ ಜೋಡಿ ಹಾಕುತ್ತಾರೆ. ಹೇಳದೆ ಕೇಳದೆ ಬಂದು ಚೆಕ್ ಮಾಡುತ್ತಾರೆ. ನಾನು ಎದುರಿಗಿರುವುದನ್ನು ಎಡದಿಂದ ಬಲಕ್ಕೆ ಮನಸ್ಸಿನಲ್ಲೇ ಹೆಸರಿಸುತ್ತಿದ್ದೆ. ಪೊದೆ, ಗುಡ್ಡೆ, ಒಣಮರ, ಪೊದೆ. ಮತ್ತೆ ಬಲದಿಂದ ಎಡಕ್ಕೆ. ಪಟ್ಟಿಯಲ್ಲಿ ಒಂದು ಜಾಸ್ತಿ ಬಂದರೆ ಎಚ್ಚರ.

ಜೊತೆಗಿದ್ದವನು ಸತ್ರೆ ಮಾರನೇ ದಿನ ಹೆಂಗೆ ಎದ್ದು ಕೆಲ್ಸ ಮಾಡ್ತೀರಿ?

ಮಾಡುತ್ತೇವೆ, ಯಾಕೆ ಅಂದರೆ ಕೆಲಸ ಇರುತ್ತದೆ. ಲೈನ್ ರಿಪೇರಿಗೆ ಹೋದ ಹುಡುಗನೊಬ್ಬ ಮೈನ್ ಮೇಲೆ ಕಾಲಿಟ್ಟ. ಅವನ ಟ್ರಂಕಿನ ಸಾಮಾನು ಪಟ್ಟಿ ಮಾಡಿ ಮನೆಗೆ ಕಳಿಸಬೇಕು, ಅದು ನಿಯಮ. ಮೂವರು ಕೂತೆವು. ಅಂಗಿ 4. ಬನಿಯನ್ 3. ಹೆಂಡತಿ ಹೆಣೆದ ಮಫ್ಲರ್ 1. ಅರ್ಧ ಬರೆದ ಇನ್‌ಲ್ಯಾಂಡ್ ಲೆಟರ್ 1. ಅರ್ಧ ಸವೆದ ಸೋಪು ಸಿಕ್ಕಿತು. ಅದನ್ನು ಪಟ್ಟಿಗೆ ಸೇರಿಸಬೇಕಾ ಬೇಡ್ವಾ ಅಂತ ಇಬ್ಬರು ಜಗಳಕ್ಕೆ ಬಿದ್ದರು. ಕಾಲರ್ ಹಿಡಿಯುವ ಮಟ್ಟಕ್ಕೆ ಹೋಯಿತು. ಸೋಪಿಗಾಗಿ! ಯಾರೂ ಅಳಲಿಲ್ಲ, ಜಗಳ ಆಡಿದರು. ಕೊನೆಗೆ 'ಸೋಪು, ಬಳಸಿದ್ದು, 1' ಅಂತ ಬರೆದೆವು.

ದುಃಖ ಆಮೇಲೆ ಬರುತ್ತದೆ. ಕಾರ್ಗಿಲ್‌ನಲ್ಲಿ 527 ಜನ ಹೋದರು. ಅವರ ಜೊತೆಗಾರರು ಅಳುವುದಕ್ಕೆ ಜಾಗ ಸಿಕ್ಕಿದ್ದು ಬೆಟ್ಟ ಇಳಿದ ಮೇಲೆ. ಕೆಲವರಿಗೆ ಊರಿಗೆ ಬಂದ ಮೇಲೆ, ಯಾವುದೋ ಮದುವೆ ಮನೆಯಲ್ಲಿ. ಒಳ್ಳೆಯ ಕಮಾಂಡರ್ ಆದರೆ ಎರಡು ದಿನದ ಮೇಲೆ ಎಲ್ಲರನ್ನೂ ಕೂರಿಸಿ ಸತ್ತವನ ಬಗ್ಗೆ ಮಾತಾಡಿಸುತ್ತಾನೆ. ಅವನು ಎಷ್ಟು ಗೊರಕೆ ಹೊಡೆಯುತ್ತಿದ್ದ, ಇಸ್ಪೀಟಲ್ಲಿ ಹೇಗೆ ಮೋಸ ಮಾಡುತ್ತಿದ್ದ. ಮಾತಾಡಿಸದೆ ಬಿಟ್ಟ ಕಡೆ ಆ ಖಾಲಿ ಹಾಸಿಗೆ ಬೆಳೆಯುತ್ತಾ ಹೋಗುತ್ತದೆ.

ಪಿಟಿಎಸ್‌ಡಿ ಅಂತಾರಲ್ಲ, ಹಿಂದೆ ಇರ್ಲಿಲ್ವಾ ಅದು?

ಆಘಾತ ಕಂಡವನ ಮನಸ್ಸಿಗೆ ಆಮೇಲೂ ಅಂಟಿಕೊಳ್ಳುವ ಕಾಯಿಲೆ ಅದು. ಹಿಂದೆಯೂ ಇತ್ತು, ಹೆಸರು ಬೇರೆ. 1915ರಲ್ಲಿ ಚಾರ್ಲ್ಸ್ ಮೈಯರ್ಸ್ ಅನ್ನುವ ಬ್ರಿಟಿಷ್ ವೈದ್ಯರು ಶೆಲ್ ಶಾಕ್ ಅನ್ನುವ ಹೆಸರಿನಲ್ಲಿ ಇದನ್ನು ಬರೆದರು. ಶೆಲ್ ಸಿಡಿದ ಹೊಡೆತಕ್ಕೆ ಮೆದುಳು ಅಲುಗಾಡಿದೆ ಅಂತ ಮೊದಲು ಅಂದುಕೊಂಡರು. ಆಮೇಲೆ ನೋಡಿದರೆ ಶೆಲ್ ಹತ್ತಿರ ಬೀಳದವರಿಗೂ ಅದೇ ನಡುಕ, ಅದೇ ಮೂಕತನ. ಎರಡನೇ ಮಹಾಯುದ್ಧಕ್ಕೆ ಅದು ಯುದ್ಧದ ದಣಿವು ಆಯಿತು. 1980ರಲ್ಲಿ ಅಮೆರಿಕದ ಮನೋವೈದ್ಯರ ಕೈಪಿಡಿಯಲ್ಲಿ ಪಿಟಿಎಸ್‌ಡಿ ಅಂತ ಸೇರಿತು. ನಡುವೆ ಆದ ಅನ್ಯಾಯ ಸಣ್ಣದಲ್ಲ. ಮೊದಲ ಮಹಾಯುದ್ಧದಲ್ಲಿ ಹೇಡಿಗಳು, ಓಡಿಹೋದವರು ಅಂತ ಬ್ರಿಟಿಷ್ ಸೇನೆ ತನ್ನವರನ್ನೇ ಗುಂಡಿಟ್ಟು ಕೊಂದಿತ್ತು. ಅವರಲ್ಲಿ 306 ಜನರಿಗೆ ಕ್ಷಮೆ ಸಿಕ್ಕಿದ್ದು 2006ರಲ್ಲಿ. ಅವರಲ್ಲಿ ಎಷ್ಟು ಜನ ಸುಮ್ನೆ ಕಾಯಿಲೆ ಬಿದ್ದ ಹುಡುಗರೋ.

ಲಕ್ಷಣ ಹೀಗಿರುತ್ತವೆ. ಆಗಿಹೋಗಿದ್ದು ಈಗ ಆಗುತ್ತಿದೆ ಅನ್ನುವ ಹಾಗೆ ಕಣ್ಣೆದುರು ಬರುವುದು, ಕೆಟ್ಟ ಕನಸು, ಸಣ್ಣ ಸದ್ದಿಗೆ ಬೆಚ್ಚುವುದು, ಆ ನೆನಪು ತರುವ ಜಾಗ ಮತ್ತು ಜನರಿಂದ ತಪ್ಪಿಸಿಕೊಳ್ಳುವುದು, ಮಕ್ಕಳ ಮೇಲೂ ಪ್ರೀತಿ ಉಕ್ಕದಿರುವುದು. ಕೆಲವು ವಾರ ಇದ್ದು ಹೋದರೆ ಮೈ ತಾನೇ ಸರಿ ಮಾಡಿಕೊಳ್ಳುತ್ತಿದೆ ಅಂತ. ತಿಂಗಳು ದಾಟಿದರೆ ಡಾಕ್ಟರ್ ಬೇಕು.

ಮೊದಲ ಮಹಾಯುದ್ಧದಲ್ಲೇ ಕಲಿತ ಇನ್ನೊಂದು ಪಾಠ ಇದೆ. ಕುಸಿದವನನ್ನು ನೂರಾರು ಮೈಲಿ ದೂರದ ಆಸ್ಪತ್ರೆಗೆ ಸಾಗಿಸುವುದಕ್ಕಿಂತ, ಮುಂಚೂಣಿಗೆ ಹತ್ತಿರದಲ್ಲೇ, ಬೇಗ, ನಿದ್ದೆ ಊಟ ಕೊಟ್ಟು, ನೀನು ನಿನ್ನವರ ಹತ್ತಿರ ವಾಪಸ್ ಹೋಗ್ತೀಯ ಅಂತ ಹೇಳಿದರೆ ಜಾಸ್ತಿ ಜನ ಚೇತರಿಸಿಕೊಳ್ಳುತ್ತಾರೆ. ಅಮೆರಿಕದ ಡಾಕ್ಟರ್ ಥಾಮಸ್ ಸಾಲ್ಮನ್ ಇದನ್ನೇ ಪದ್ಧತಿ ಮಾಡಿದರು.

ಮನಸ್ಸು ಸರಿ ಇಲ್ಲ ಅಂತ ಹೇಳ್ಕೊಂಡ್ರೆ ಸೇನೆಲಿ ಹೆಸ್ರು ಕೆಡಲ್ವಾ?

ಕೆಡಬಹುದು ಅನ್ನುವ ಭಯ ನಿಜ, ಅದನ್ನು ಮುಚ್ಚಿಡುವುದಿಲ್ಲ. ಮೆಡಿಕಲ್ ಕೆಟಗರಿ ಇಳಿದರೆ ಬಡ್ತಿ, ಪೋಸ್ಟಿಂಗ್ ಮೇಲೆ ಪರಿಣಾಮ ಆಗುತ್ತದೆ ಅಂತ ಹುಡುಗರು ಬಾಯಿ ಮುಚ್ಚಿಕೊಳ್ಳುತ್ತಾರೆ. ನಾನೂ ಒಂದು ವರ್ಷ ನಿದ್ದೆ ಬರದೇ ಇದ್ದದ್ದನ್ನು ಯಾರಿಗೂ ಹೇಳಲಿಲ್ಲ. ಅದು ಜಾಣತನ ಅಲ್ಲ, ಹಟ. ಹೇಳಿದ್ದರೆ ಆ ವರ್ಷ ಉಳಿಯುತ್ತಿತ್ತು.

ಈಗ ದಾರಿಗಳು ಜಾಸ್ತಿ ಇವೆ. ಮೊದಲು ನಿನ್ನ 'ಬಡಿ' (buddy), ಅಂದರೆ ಜೋಡಿಗೆ ಹಾಕಿರುವ ಜೊತೆಗಾರ. ಜೋಡಿ ಹಾಕಿರುವುದೇ ಅದಕ್ಕೆ, ಬರೀ ಗುಂಡಿಗೆ ಅಲ್ಲ. ಆಮೇಲೆ ಯೂನಿಟ್ಟಿನ ಧರ್ಮಗುರು, ವೈದ್ಯಾಧಿಕಾರಿ. ಸರ್ಕಾರದ ಟೆಲಿ ಮಾನಸ್ ಸಹಾಯವಾಣಿ 14416ಕ್ಕೆ ಹಗಲು ರಾತ್ರಿ ಯಾವಾಗ ಬೇಕಾದರೂ ಕಾಲ್ ಮಾಡಬಹುದು. ಕನ್ನಡದಲ್ಲೇ ಮಾತಾಡುತ್ತಾರೆ, ದುಡ್ಡಿಲ್ಲ. 2023ರ ಡಿಸೆಂಬರಿನಲ್ಲಿ ಪುಣೆಯ ಸಶಸ್ತ್ರ ಪಡೆಗಳ ವೈದ್ಯಕೀಯ ಕಾಲೇಜಿನಲ್ಲಿ ಫೌಜಿಗಳು ಮತ್ತು ಅವರ ಮನೆಯವರಿಗೆ ಅಂತಲೇ ಇದರ ಬೇರೆ ವಿಭಾಗ ತೆರೆದಿದ್ದಾರೆ. ಯಾರಾದರೂ ಸಾಯುವ ಮಾತಾಡಿದರೆ ತಮಾಷೆ ಅಂದುಕೊಳ್ಳಬೇಡಿ, ಒಬ್ಬನೇ ಬಿಡಬೇಡಿ. ಊರಲ್ಲಿದ್ದರೆ ಹೊಲಕ್ಕೆ ಹೊಡೆಯುವ ಔಷಧಿ ಡಬ್ಬಿಯನ್ನು ಬೇರೆಯವರ ಮನೆಯಲ್ಲಿ ಇಟ್ಟು ಬನ್ನಿ, ಆಮೇಲೆ ಫೋನ್ ಮಾಡಿ.

ರಜೆಗೆ ಬಂದ ಗಂಡ ಮಾತೇ ಆಡಲ್ಲ. ನಾನೇನ್ ತಪ್ಪು ಮಾಡ್ದೆ?

ಏನೂ ಮಾಡಿಲ್ಲ ತಾಯಿ. ಅವನು ರೈಲಿನಿಂದ ಇಳಿದಿದ್ದಾನೆ, ಪೋಸ್ಟಿನಿಂದ ಇನ್ನೂ ಇಳಿದಿಲ್ಲ. ವರ್ಷಕ್ಕೆ 60 ದಿನ ವಾರ್ಷಿಕ ರಜೆ, 30 ದಿನ ಕ್ಯಾಶುಯಲ್ ರಜೆ ಅಂತ ಕಾಗದದಲ್ಲಿದೆ. ಅದು ತುಂಡು ತುಂಡಾಗಿ ಸಿಗುವುದು. ಮೊದಲ ಮೂರು ನಾಲ್ಕು ದಿನ ಹೋದರೆ ಹೋಗಲಿ, ಮಲಗಲು ಬಿಡಿ. ನೆಂಟರ ಮನೆ ಮೆರವಣಿಗೆ ಬೇಡ. ಹೋಟೆಲಿಗೆ ಹೋದರೆ ಗೋಡೆಗೆ ಬೆನ್ನು ಕೊಟ್ಟು, ಬಾಗಿಲು ಕಾಣುವ ಕಡೆ ಕೂರುತ್ತಾನೆ. ಕೂರಲಿ. ದೀಪಾವಳಿಯಲ್ಲಿ ಪಟಾಕಿ ಹೊಡೆಯುವ ಮುಂಚೆ ಒಂದು ಮಾತು ಹೇಳಿ. ಸದ್ದಿಗಿಂತ ಹೇಳದೇ ಬರುವ ಸದ್ದು ಕಷ್ಟ. ಮಲಗಿದ್ದಾಗ ಮೈ ಮುಟ್ಟಿ ಎಬ್ಬಿಸಬೇಡಿ, ಕಾಲ ಕಡೆ ನಿಂತು ಹೆಸರು ಕೂಗಿ.

ಎಷ್ಟು ಜನರನ್ನ ಹೊಡೆದೆ ಅಂತ ಕೇಳುವ ಮಾವ ಎಲ್ಲರ ಮನೆಯಲ್ಲೂ ಒಬ್ಬ ಇರುತ್ತಾನೆ. ಅವನನ್ನು ದೂರ ಇಡುವುದು ನಿಮ್ಮ ಕೆಲಸ. ಅದರ ಬದಲು ಗಂಡನ ಕೈಗೆ ಕೆಲಸ ಕೊಡಿ. ಕೊಟ್ಟಿಗೆಯ ಹೆಂಚು ಸರಿಮಾಡಲಿ, ತೋಟಕ್ಕೆ ನೀರು ಕಟ್ಟಲಿ. ನಮ್ಮ ಮನೆಯಾಕೆ ನನಗೆ ಒಂದು ಚೀಲ ಶೇಂಗಾ ಕೊಟ್ಟು ಬಿಡಿಸಿ ಅಂದಿದ್ದಳು. ಸುಮ್ನೆ ಬಿಡಿಸುತ್ತಾ ಎರಡನೇ ದಿನ ನಾನೇ ಮಾತು ಶುರು ಮಾಡಿದೆ. ಅವಳು ತಲೆ ಎತ್ತಿ ನೋಡಲಿಲ್ಲ, ಶೇಂಗಾ ಬಿಡಿಸುತ್ತಲೇ ಕೇಳಿದಳು. ತಲೆ ಎತ್ತಿದ್ದರೆ ನಾನು ನಿಲ್ಲಿಸಿಬಿಡುತ್ತಿದ್ದೆ.

ಸೇರೋ ಮುಂಚೆ ಇದಕ್ಕೆಲ್ಲ ತಯಾರಿ ಮಾಡ್ಕೋಬಹುದಾ ಅಣ್ಣಾ? ಓಟ ಬಿಟ್ಟು?

ಗುಂಡಿ ಹೊಲಿಯಲು ಕಲಿ. ಎರಡು ಸಾಲು ಕಾಗದ ಬರೆಯಲು ಕಲಿ. ಮೊಬೈಲ್ ಇಲ್ಲದೆ ಒಂದು ಗಂಟೆ ಕುಂದವಾಡ ಕೆರೆ ಏರಿ ಮೇಲೆ ಕೂತು ನೋಡು. ಹುಡುಗರಿಗೆ ಇದನ್ನು ಹೇಳಿದರೆ ನಗುತ್ತಾರೆ. 1,600 ಮೀಟರ್ ಆರು ನಿಮಿಷದೊಳಗೆ ಓಡುವವನು ಆ ಏರಿ ಮೇಲೆ ಹನ್ನೊಂದನೇ ನಿಮಿಷಕ್ಕೆ ಜೇಬು ತಡವಿಕೊಂಡಿದ್ದನ್ನು ನಾನೇ ನೋಡಿದ್ದೇನೆ.

ನೀವೀಗ ಸರಿ ಇದೀರಾ?

ಇದ್ದೇನೆ. ಬೆಳಿಗ್ಗೆ ನಾಲ್ಕೂವರೆಗೆ ಎಚ್ಚರ ಆಗುತ್ತದೆ, ಅದು ಹೋಗಿಲ್ಲ. ಆ ಹೊತ್ತಿಗೆ ಎದ್ದು ಬಾಗಿಲ ಹತ್ತಿರ ನಿಲ್ಲುತ್ತೇನೆ. ಎಡದಿಂದ ಬಲಕ್ಕೆ ಕರೆಂಟ್ ಕಂಬ, ಬೇವಿನ ಮರ, ಎದುರು ಮನೆ ಸ್ಕೂಟರ್, ನೀರಿನ ಟ್ಯಾಂಕು. ಒಂದು ದಿನ ಪಟ್ಟಿಯಲ್ಲಿ ಒಂದು ಜಾಸ್ತಿ ಬಂತು. ಹಾಲಿನ ಹುಡುಗ, ಸೈಕಲ್ ಚೈನ್ ಹಾಕುತ್ತಾ ಕತ್ತಲಲ್ಲಿ ಕೂತಿದ್ದ. ನಾನು ಯಾರದು ಅಂತ ಗದರಿಸಿದ್ದಕ್ಕೆ ಅರ್ಧ ಲೀಟರ್ ಚೆಲ್ಲಿದ. ಅದರ ದುಡ್ಡು ಕೊಟ್ಟೆ.